ಮೀನುಗಾರಿಕೆಯ ಹಗ್ಗವನ್ನು ಹೊರದೇಶದಿಂದ ತರಿಸಿ ಮಾರುವುದಾದರೆ ಯಾವ ದೇಶ ಅಗ್ಗ?

ಚೀನಾದ ಪಾಲಿಪ್ರೊಪಿಲೀನ್ ಹಗ್ಗವನ್ನೂ ಬಾಂಗ್ಲಾದೇಶದ ಸೆಣಬಿನ ಹುರಿಯನ್ನೂ ತರಿಸಿ ಮಲ್ಪೆ, ಮಂಗಳೂರುಗಳಲ್ಲಿ ಮಾರಬೇಕೆಂದಿದ್ದೀರಿ. ಸುಂಕ, ಸಾಗಣೆ ಸೇರಿದರೂ ಸುರುಳಿಯೊಂದಕ್ಕೆ ಸ್ಥಳೀಯ ಸಗಟು ದರಕ್ಕಿಂತ ಶೇಕಡಾ 15ರಷ್ಟು ಕಡಿಮೆ ಬೀಳುತ್ತದೆ, ಮುಂದಿನ ತಿಂಗಳು ಮುಂಗಡ ಕಳುಹಿಸಬೇಕಾಗಿದೆ ಎಂದಿದ್ದೀರಿ. ಇದೇ ಲೆಕ್ಕ ಹಿಡಿದು ಕೆಲವು ವರ್ಷಗಳ ಹಿಂದೆ ನಾನು ಒಂದು ಕಂಟೇನರ್ ಹಗ್ಗ ತರಿಸಿದ್ದೆ.

ಕರಾವಳಿಯಲ್ಲಿ ಹಗ್ಗಕ್ಕೆ ನಿಜವಾದ ಬೇಡಿಕೆ ಬರುವುದು ಮಳೆಗಾಲದಲ್ಲಿ. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ಮೀನುಗಾರಿಕೆಗೆ ನಿಷೇಧವಿರುವುದರಿಂದ ಬೋಟುಗಳು ದಕ್ಕೆಯಲ್ಲಿ ನಿಂತಿರುತ್ತವೆ, ಬಲೆ ದುರಸ್ತಿ ನಡೆಯುತ್ತದೆ, ಹಳೆಯ ಹಗ್ಗ ತೆಗೆದು ಹೊಸದು ಹಾಕುತ್ತಾರೆ. ಆಗಸ್ಟ್ ಬಂದ ಮೇಲೆ ಹಗ್ಗ ಕೊಳ್ಳುವವರು ಕಡಿಮೆ. ಹಾಗಾಗಿ ಜುಲೈ ಆರಂಭಕ್ಕೆ ಸರಕು ನವ ಮಂಗಳೂರು ಬಂದರಿಗೆ ತಲುಪುವಂತೆ ನಾನು 12 ಮಿಲಿಮೀಟರ್ ದಪ್ಪದ, ಮೂರು ಎಳೆಯ ಪಾಲಿಪ್ರೊಪಿಲೀನ್ ಹಗ್ಗದ 600 ಸುರುಳಿಗಳಿಗೆ ಆರ್ಡರ್ ಕೊಟ್ಟೆ. ಸುರುಳಿಯೊಂದು 220 ಮೀಟರ್, ದರ ಸುರುಳಿಗೆ ಇಷ್ಟು ಎಂದು ಒಪ್ಪಂದವಾಯಿತು. ಕೊಲಂಬೊದಲ್ಲಿ ಹಡಗು ಬದಲಾಯಿಸಿ ಸರಕು ಸಕಾಲಕ್ಕೆ ಬಂದಿತು. ಕಸ್ಟಮ್ಸ್‌ನಲ್ಲಿ ಯಾವ ತೊಡಕೂ ಆಗಲಿಲ್ಲ. ಮೊದಲ ಹತ್ತು ಸುರುಳಿಗಳನ್ನು ಟೆಂಪೊದಲ್ಲಿ ಹಾಕಿಕೊಂಡು ಮಲ್ಪೆಗೆ ಹೋದಾಗ, ಪರಿಚಯದ ಹಿರಿಯ ಬೋಟು ಮಾಲೀಕರೊಬ್ಬರು ಒಂದು ಸುರುಳಿಯನ್ನು ಎತ್ತಿ, ತುದಿಯ ಎಳೆಗಳನ್ನು ಹೆಬ್ಬೆರಳಿನಿಂದ ಬಿಡಿಸಿ, "ಇದು ಹಗುರ ಉಂಟಲ್ಲ ಮಾರಾಯ್ರೆ, ತೂಕ ಹಾಕಿದ್ದೀರಾ?" ಎಂದು ಕೇಳಿದರು. ಪಕ್ಕದ ಮಂಜುಗಡ್ಡೆ ಕಾರ್ಖಾನೆಯ ತಕ್ಕಡಿಯಲ್ಲಿ ತೂಗಿದಾಗ ಅದು ಸುಮಾರು 11 ಕಿಲೋ ಇತ್ತು.

ನನ್ನ ತಪ್ಪು ಎಲ್ಲಿತ್ತು ಎಂಬುದನ್ನು ಇಲ್ಲಿ ಬಿಡಿಸಿ ಹೇಳಲೇಬೇಕು, ಏಕೆಂದರೆ ನಿಮ್ಮ ಪ್ರಶ್ನೆಯಲ್ಲೂ ಅದೇ ಕುಳಿತಿದೆ. ನೀವು ದಪ್ಪ ಬರೆದಿದ್ದೀರಿ, ಉದ್ದ ಬರೆದಿದ್ದೀರಿ, ಸುರುಳಿಯ ದರ ಬರೆದಿದ್ದೀರಿ, ಮೀಟರಿಗೆ ಎಷ್ಟು ಗ್ರಾಂ ಎಂದು ಎಲ್ಲಿಯೂ ಬರೆದಿಲ್ಲ. ಅಂತರರಾಷ್ಟ್ರೀಯ ಮಾನದಂಡವಾದ ಐಎಸ್‌ಒ 1346ರ ಪ್ರಕಾರ 12 ಮಿಲಿಮೀಟರಿನ ಮೂರು ಎಳೆಯ ಪಾಲಿಪ್ರೊಪಿಲೀನ್ ಹಗ್ಗದ ತೂಕ ಮೀಟರಿಗೆ ಸುಮಾರು 65 ಗ್ರಾಂ, ಅಂದರೆ 220 ಮೀಟರಿನ ಸುರುಳಿ 14.3 ಕಿಲೋ ತೂಗಬೇಕು. ಹಗ್ಗವೆಂಬುದು ಕಬ್ಬಿಣದ ಸರಳಲ್ಲ. ಎಳೆಗಳನ್ನು ಸಡಿಲವಾಗಿ ಹೊಸೆದರೆ ಕಡಿಮೆ ನಾರಿನಲ್ಲಿಯೂ 12 ಮಿಲಿಮೀಟರ್ ದಪ್ಪ ಬರುತ್ತದೆ, ಬಿಗಿಯಾಗಿ ಎಳೆದಾಗ ಮಾತ್ರ ಅದು ಸಣ್ಣದಾಗುತ್ತದೆ. ಈ ಕಾರಣಕ್ಕಾಗಿಯೇ ಐಎಸ್‌ಒ 2307 ಎಂಬ ಪರೀಕ್ಷಾ ವಿಧಾನದಲ್ಲಿ ಹಗ್ಗವನ್ನು ನಿಗದಿತ ಸೆಳೆತಕ್ಕೆ ಒಳಪಡಿಸಿಯೇ ಮೀಟರಿನ ತೂಕವನ್ನು ಅಳೆಯುತ್ತಾರೆ. ಹಗ್ಗದ ಬಲ ಬರುವುದು ಅದರೊಳಗಿನ ನಾರಿನಿಂದ, ನಡುವಿನ ಗಾಳಿಯಿಂದಲ್ಲ. ನಾನು ಹಣ ಕೊಟ್ಟಿದ್ದು 14.3 ಕಿಲೋ ಬರುತ್ತದೆ ಎಂದುಕೊಂಡು. ಬಂದದ್ದು ಅದರ ಶೇಕಡಾ 77 ಮಾತ್ರ. ಸುರುಳಿಯ ಲೆಕ್ಕದಲ್ಲಿ ಶೇಕಡಾ 15 ಅಗ್ಗವಾಗಿದ್ದ ಹಗ್ಗ, ಕಿಲೋ ಲೆಕ್ಕದಲ್ಲಿ ಸ್ಥಳೀಯ ಹಗ್ಗಕ್ಕಿಂತ ಶೇಕಡಾ 10ರಷ್ಟು ದುಬಾರಿಯಾಗಿತ್ತು.

ಮಾರಾಟಗಾರನಿಗೆ ಬರೆದಾಗ, ನೀವು 12 ಮಿಲಿಮೀಟರ್ ಕೇಳಿದಿರಿ, ನಾವು 12 ಮಿಲಿಮೀಟರ್ ಕೊಟ್ಟಿದ್ದೇವೆ ಎಂಬ ಉತ್ತರ ಬಂತು. ನನ್ನ ಕಾಗದಗಳನ್ನು ಮುಂದಿಟ್ಟುಕೊಂಡು ನೋಡಿದರೆ ಅವನ ಮಾತನ್ನು ಅಲ್ಲಗಳೆಯುವಂತಿರಲಿಲ್ಲ. ಹಣ ಎಲ್‌ಸಿ (ನಿಗದಿತ ದಾಖಲೆಗಳನ್ನು ಒಪ್ಪಿಸಿದರೆ ಮಾರಾಟಗಾರನಿಗೆ ಹಣ ಕೊಡುವೆನೆಂಬ ಬ್ಯಾಂಕಿನ ಭರವಸೆ ಪತ್ರ) ಮೂಲಕ ಹೋಗುತ್ತಿರುವುದರಿಂದ ನಾನು ಸುರಕ್ಷಿತ ಎಂದು ಭಾವಿಸಿದ್ದೆ. ಆದರೆ ಎಲ್‌ಸಿಗಳಿಗೆ ಅನ್ವಯಿಸುವ ಯುಸಿಪಿ 600 ನಿಯಮಾವಳಿಯ 5ನೆಯ ವಿಧಿಯ ಪ್ರಕಾರ ಬ್ಯಾಂಕು ವ್ಯವಹರಿಸುವುದು ದಾಖಲೆಗಳೊಂದಿಗೆ, ಸರಕಿನೊಂದಿಗಲ್ಲ. ನನ್ನ ಎಲ್‌ಸಿಯಲ್ಲಿ ಕೇಳಿದ್ದು ಇನ್‌ವಾಯ್ಸ್, ಪ್ಯಾಕಿಂಗ್ ಲಿಸ್ಟ್, ಬಿಲ್ ಆಫ್ ಲೇಡಿಂಗ್ (ಹಡಗು ಕಂಪನಿ ಕೊಡುವ ಸರಕಿನ ರಸೀದಿ), ವಿಮೆ, ಮೂಲದೇಶದ ಪ್ರಮಾಣಪತ್ರ. ಅವೆಲ್ಲವೂ ಸರಿಯಾಗಿದ್ದವು, ಬ್ಯಾಂಕು ಹಣ ಕೊಟ್ಟಿತು. ಇನ್ನೂ ನೋವಿನ ಸಂಗತಿಯೆಂದರೆ ಸತ್ಯ ಆ ದಾಖಲೆಗಳಲ್ಲಿಯೇ ಇತ್ತು. ಪ್ಯಾಕಿಂಗ್ ಲಿಸ್ಟಿನಲ್ಲಿ ಒಟ್ಟು ನಿವ್ವಳ ತೂಕ 6,600 ಕಿಲೋ ಎಂದು ಸ್ಪಷ್ಟವಾಗಿ ಅಚ್ಚಾಗಿತ್ತು, ಕಸ್ಟಮ್ಸ್‌ಗೆ ಕೊಡುವ ಆಮದು ಘೋಷಣೆಯಾದ ಬಿಲ್ ಆಫ್ ಎಂಟ್ರಿಯಲ್ಲಿಯೂ ಅದೇ ತೂಕವನ್ನು ನಮೂದಿಸಿ ನಾನೇ ಸಹಿ ಹಾಕಿದ್ದೆ. 600ರಿಂದ ಭಾಗಿಸಿ ನೋಡಿರಲಿಲ್ಲ. ಭಾಗಿಸಿದ್ದರೂ ಆ ಹೊತ್ತಿಗೆ ಬ್ಯಾಂಕನ್ನು ತಡೆಯಲು ನನ್ನ ಬಳಿ ಆಧಾರವಿರಲಿಲ್ಲ, ಏಕೆಂದರೆ ಎಲ್‌ಸಿಯಲ್ಲಿ ತೂಕದ ಷರತ್ತೇ ಇರಲಿಲ್ಲ. ಆದ್ದರಿಂದ ತಪ್ಪು ನಡೆದದ್ದು ಬಂದರಿನಲ್ಲಿ ಅಲ್ಲ, ಆರ್ಡರಿನ ಹಾಳೆಯಲ್ಲಿ. ಮೀಟರಿಗೆ ಕನಿಷ್ಠ ಇಷ್ಟು ಗ್ರಾಂ, ಕನಿಷ್ಠ ಇಷ್ಟು ತುಂಡಾಗುವ ಬಲ, ಪರೀಕ್ಷೆ ಐಎಸ್‌ಒ 2307ರಂತೆ, ದರ ನಿವ್ವಳ ಕಿಲೋಗೆ ಎಂದು ಅಲ್ಲಿ ಬರೆದು, ಸರಕು ಹಡಗೇರುವ ಮುನ್ನ ಮೂರನೆಯ ಸಂಸ್ಥೆಯೊಂದು ತೂಗಿ, ಎಳೆದು ಕೊಟ್ಟ ತಪಾಸಣಾ ಪತ್ರವನ್ನು ಎಲ್‌ಸಿಯ ದಾಖಲೆಗಳ ಪಟ್ಟಿಗೆ ಸೇರಿಸಿದ್ದರೆ, ಆ ಪತ್ರವಿಲ್ಲದೆ ಮಾರಾಟಗಾರನಿಗೆ ಹಣವೇ ಸಿಗುತ್ತಿರಲಿಲ್ಲ. ತಪಾಸಣೆಯ ಶುಲ್ಕ ಉಳಿಸಿದೆನೆಂಬ ಸಮಾಧಾನಕ್ಕೆ ನಾನು ತೆತ್ತದ್ದು ಒಂದು ಇಡೀ ಋತುವಿನ ಬಂಡವಾಳ.

ಆ ಹಗ್ಗವನ್ನು ಬೋಟಿನವರಿಗೆ ಮಾರಲಿಲ್ಲ. ಸಮುದ್ರದಲ್ಲಿ ವಿಂಚಿನ (ಹಗ್ಗ ಸುತ್ತಿ ಎಳೆಯುವ ಯಂತ್ರದ) ಮೇಲೆ ಹಗ್ಗ ತುಂಡಾದರೆ ನಿಂತವರ ಕೈಕಾಲು ಹೋಗುತ್ತದೆ. ಲಾರಿಗೆ ಹೊದಿಕೆ ಕಟ್ಟುವವರಿಗೆ, ಚಪ್ಪರ ಹಾಕುವವರಿಗೆ, ಹಗುರ ಹಗ್ಗ ಎಂದು ತಿಳಿಸಿಯೇ, ನಷ್ಟಕ್ಕೆ ಕೊಟ್ಟು ಮುಗಿಸಿದೆ.

ನಿಮ್ಮ ಪ್ರಶ್ನೆಯ ಬುಡವೇ ಸರಿಯಿಲ್ಲ ಎಂಬುದು ನನ್ನ ಅಭಿಪ್ರಾಯ. ಸಾಧಾರಣ ಪಾಲಿಪ್ರೊಪಿಲೀನ್ ಮತ್ತು ಪಾಲಿಎಥಿಲೀನ್ ಹಗ್ಗವನ್ನು ಭಾರತಕ್ಕೆ ಹೊರಗಿನಿಂದ ತರಿಸುವುದೇ ವ್ಯರ್ಥ. ಇದರ ಕಚ್ಚಾವಸ್ತು ನಮ್ಮ ತೈಲಾಗಾರಗಳ ಆಸುಪಾಸಿನಲ್ಲೇ ತಯಾರಾಗುತ್ತದೆ, ಪುಣೆಯ ಗರ್ವಾರೆಯಂತಹ ಕಂಪನಿ ಮೀನುಗಾರಿಕೆಯ ಬಲೆ ಮತ್ತು ಹಗ್ಗಗಳನ್ನು ಹೊರದೇಶಗಳಿಗೇ ಕಳುಹಿಸುತ್ತದೆ. ಅದಕ್ಕಿಂತ ಮುಖ್ಯವಾಗಿ, ಹಗ್ಗ ಜಾಗ ತಿನ್ನುವ ಸರಕು. ಪಾಲಿಪ್ರೊಪಿಲೀನ್ ನೀರಿಗಿಂತ ಹಗುರ, ಸುರುಳಿಯ ನಡುವೆ ಖಾಲಿ ಜಾಗ ಬೇರೆ. ನನ್ನ 600 ಸುರುಳಿಗಳಿಗೇ 20 ಅಡಿಯ ಕಂಟೇನರಿನ ಸುಮಾರು 33 ಘನ ಮೀಟರ್ ಜಾಗ ಹೆಚ್ಚುಕಡಿಮೆ ತುಂಬಿತ್ತು, 20 ಟನ್ನಿಗೂ ಮಿಗಿಲಾಗಿ ಹೊರಬಲ್ಲ ಪೆಟ್ಟಿಗೆಯಲ್ಲಿ ಏಳು ಟನ್ ಕೂಡ ಇರಲಿಲ್ಲ. ಕಂಟೇನರಿನ ಬಾಡಿಗೆ ಪೂರ್ತಿ, ಸರಕು ಮೂರನೆಯ ಒಂದು ಪಾಲು. ಇತರರ ಸರಕಿನ ಜೊತೆ ಸೇರಿಸಿ ಸ್ವಲ್ಪ ತರಿಸುತ್ತೇನೆ ಎಂದರೆ ಅಲ್ಲಿ ಬಾಡಿಗೆ ಘನ ಮೀಟರ್ ಲೆಕ್ಕದಲ್ಲಿಯೇ ಬೀಳುತ್ತದೆ. ಮಾರಾಟಗಾರ ಸಾಗಣೆ ಸೇರಿಸಿ ಅಗ್ಗದ ದರ ಹೇಳಿದರೂ ಇಲ್ಲಿನ ಬಂದರಿನಲ್ಲಿ ಏಜೆಂಟರು ಹಾಕುವ ಶುಲ್ಕಗಳನ್ನು ಕಟ್ಟುವವರು ನೀವು.

ಸುಂಕದ ಲೆಕ್ಕವನ್ನೂ ಒಟ್ಟು ಶೇಕಡಾವಾರಿನಲ್ಲಿ ಹಾಕಬೇಡಿ. ಸರಕಿನ ಬೆಲೆಗೆ ಸಾಗಣೆ ಮತ್ತು ವಿಮೆ ಸೇರಿಸಿದ ಮೌಲ್ಯದ ಮೇಲೆ ಮೂಲ ಸುಂಕ, ಆ ಸುಂಕದ ಮೇಲೆ ಶೇಕಡಾ 10ರ ಸಮಾಜ ಕಲ್ಯಾಣ ಸರ್‌ಚಾರ್ಜ್, ಇವೆಲ್ಲವನ್ನೂ ಕೂಡಿಸಿದ ಮೊತ್ತದ ಮೇಲೆ ಐಜಿಎಸ್‌ಟಿ, ಅಂದರೆ ಆಮದಿಗೆ ಬೀಳುವ ಜಿಎಸ್‌ಟಿ. ನೋಂದಾಯಿತ ವ್ಯಾಪಾರಿಗೆ ಐಜಿಎಸ್‌ಟಿ ಹೂಡುವಳಿ ತೆರಿಗೆ ಜಮೆಯಾಗಿ (ಮಾರಾಟದ ಮೇಲಿನ ತೆರಿಗೆಯಲ್ಲಿ ಕಳೆದುಕೊಳ್ಳುವಂತೆ) ಹಿಂದಿರುಗುತ್ತದೆ, ಮೊದಲ ಎರಡು ನಿಮ್ಮ ವೆಚ್ಚವಾಗಿಯೇ ಉಳಿಯುತ್ತವೆ.

ಹಗ್ಗದ ಜೊತೆ ಬಲೆ ಹೆಣೆಯುವ ನೈಲಾನ್ ಹುರಿಯನ್ನೂ ತರಿಸುವುದಾದರೆ ವರ್ಗೀಕರಣದಲ್ಲಿ ಎಚ್ಚರ ಬೇಕು. ಕಸ್ಟಮ್ಸ್ ಸುಂಕ ಪಟ್ಟಿಯಲ್ಲಿ ಹಗ್ಗ ಮತ್ತು ಹುರಿಗೆ 5607 ಎಂಬ ಶೀರ್ಷಿಕೆ, ಹೆಣೆದ ಬಲೆಗೆ 5608, ಉಕ್ಕಿನ ಹಗ್ಗಕ್ಕೆ 7312. ಆದರೆ ಕೃತಕ ನಾರಿನ ಹೊಸೆದ ನೂಲು 5607ಕ್ಕೆ ಸೇರುವುದು 10,000 ಡೆಸಿಟೆಕ್ಸ್ ಮೀರಿದರೆ ಮಾತ್ರ, ಅಂದರೆ 10 ಕಿಲೋಮೀಟರ್ ನೂಲು 10 ಕಿಲೋಗಿಂತ ಹೆಚ್ಚು ತೂಗಿದರೆ ಮಾತ್ರ. ಅದಕ್ಕಿಂತ ಕಡಿಮೆಯಿದ್ದರೆ ಅದು ನೂಲಿನ ಅಧ್ಯಾಯಕ್ಕೆ ಹೋಗುತ್ತದೆ. 210 ಡೆನಿಯರಿನ (9 ಕಿಲೋಮೀಟರಿಗೆ 210 ಗ್ರಾಂ ತೂಗುವ) 36 ಎಳೆಗಳ ಹುರಿ ಸುಮಾರು 8,400 ಡೆಸಿಟೆಕ್ಸ್, ಹೀಗಾಗಿ ಅದು ನೂಲು. 48 ಎಳೆಯದು 11,200, ಹೀಗಾಗಿ ಅದು ಹುರಿ. ಬಿಗಿಯಾಗಿ ಜಡೆಯಂತೆ ಹೆಣೆದದ್ದಾದರೆ ತೂಕ ಎಷ್ಟೇ ಇರಲಿ 5607ರಲ್ಲೇ ಬರುತ್ತದೆ. ಮಾರಾಟಗಾರ ತನ್ನ ಇನ್‌ವಾಯ್ಸಿನಲ್ಲಿ ಎರಡನ್ನೂ ಒಂದೇ ಸಂಖ್ಯೆಯಡಿ ಬರೆದಿದ್ದರೆ ಅದನ್ನೇ ನಕಲು ಮಾಡಬೇಡಿ. ಸುಂಕವನ್ನು ಸ್ವತಃ ನಿರ್ಧರಿಸಿ ಘೋಷಿಸುವ ಹೊಣೆ 2011ರಿಂದ ಆಮದುದಾರರ ಮೇಲಿದೆ, ತಪ್ಪಾದರೆ ದಂಡ ಕಟ್ಟುವವರೂ ಅವರೇ. ವಿವಾದವೆದ್ದು ಸರಕು ನಿಂತರೆ ಕಂಟೇನರಿನಲ್ಲೇ ಬಿಟ್ಟು ಡೆಮರೇಜ್ (ತಡವಾದ ದಿನಗಳಿಗೆ ಕಟ್ಟಬೇಕಾದ ಶುಲ್ಕ) ಬೆಳೆಯಲು ಕೊಡಬೇಡಿ, ಕಸ್ಟಮ್ಸ್ ಕಾಯಿದೆಯ 49ನೆಯ ಕಲಮಿನಡಿ ಸಾರ್ವಜನಿಕ ಗೋದಾಮಿಗೆ ಸಾಗಿಸಲು ಅನುಮತಿ ಕೇಳಿ. ಇದನ್ನು ಕೇಳಿದವರಿಗೆ ಮಾತ್ರ ಏಜೆಂಟರು ಹೇಳುತ್ತಾರೆ.

ಸೆಣಬಿನ ಹುರಿಯ ಯೋಚನೆಯನ್ನು ಈಗ ಕೈಬಿಡಿ. ಬಾಂಗ್ಲಾದೇಶ ಮತ್ತು ನೇಪಾಳದ ಸೆಣಬಿನ ನೂಲು, ಹುರಿ, ಚೀಲಗಳ ಮೇಲೆ 2017ರ ಜನವರಿಯಿಂದ ಆ್ಯಂಟಿ ಡಂಪಿಂಗ್ ಸುಂಕವಿದೆ (ತೀರಾ ಅಗ್ಗಕ್ಕೆ ತಂದು ಸುರಿಯುವುದನ್ನು ತಡೆಯುವ ಹೆಚ್ಚುವರಿ ಸುಂಕ), 2022ರ ಕೊನೆಯಲ್ಲಿ ಅದನ್ನು ಮತ್ತೆ ಐದು ವರ್ಷಗಳಿಗೆ ಮುಂದುವರಿಸಿದರು. ಅದು ಉತ್ಪಾದಕನಿಂದ ಉತ್ಪಾದಕನಿಗೆ ಬೇರೆಯಾಗುವುದರಿಂದ ನಿಮಗೆ ದರ ಕೊಟ್ಟ ವರ್ತಕನಲ್ಲ, ಗಿರಣಿಯ ಹೆಸರೇ ಬೇಕು. ಅದರ ಮೇಲೆ 2025ರಲ್ಲಿ ಡಿಜಿಎಫ್‌ಟಿ (ಕೇಂದ್ರದ ವಿದೇಶ ವ್ಯಾಪಾರ ಮಹಾನಿರ್ದೇಶನಾಲಯ) ಮೊದಲು ಜೂನ್ 27ರಂದು ಕೆಲವು ಸೆಣಬಿನ ಉತ್ಪನ್ನಗಳಿಗೆ, ಆಗಸ್ಟ್ 11ರಂದು ಸೆಣಬಿನ ಹಗ್ಗ, ಹುರಿಗಳಿಗೂ, ಬಾಂಗ್ಲಾದೇಶದ ಭೂಗಡಿಯ ಮೂಲಕ ಪ್ರವೇಶವಿಲ್ಲ, ಮುಂಬೈ ಬಳಿಯ ನಾವಾ ಶೇವಾ ಬಂದರಿನಿಂದ ಮಾತ್ರ ಎಂದು ಆದೇಶಿಸಿತು. ಪಶ್ಚಿಮ ಬಂಗಾಳದ ಪೆಟ್ರಾಪೋಲ್ ಗಡಿಯಲ್ಲಿ ಲಾರಿಯಿಂದ ಲಾರಿಗೆ ದಾಟುತ್ತಿದ್ದ ಸರಕು ಈಗ ಇಡೀ ಪರ್ಯಾಯ ದ್ವೀಪವನ್ನು ಸುತ್ತಿ ಬರಬೇಕು. ನಿಮ್ಮ ದರಪಟ್ಟಿ ಗಡಿಯ ದರವಾಗಿದ್ದರೆ ಅದಕ್ಕೆ ಬೆಲೆಯಿಲ್ಲ. ಆದೇಶಗಳು ಬದಲಾಗುತ್ತಿರುವುದರಿಂದ ಡಿಜಿಎಫ್‌ಟಿ ಜಾಲತಾಣವನ್ನು ನೀವೇ ನೋಡಿ. ಗಿಡ ಕಟ್ಟಲು, ಚೀಲ ಹೊಲಿಯಲು ಬೇಕಾದ ಹುರಿ ನಮ್ಮ ಪಶ್ಚಿಮ ಬಂಗಾಳದ ಗಿರಣಿಗಳಲ್ಲಿಯೇ ಸಿಗುತ್ತದೆ. ಕತ್ತದ ಹಗ್ಗ ಸಾಕೆನ್ನುವ ಕಡೆಗೆ ನಮ್ಮ ತಿಪಟೂರು, ಅರಸೀಕೆರೆಗಳಿವೆ.

ತರಿಸಲೇಬೇಕೆಂಬ ಹಟವಿದ್ದರೆ, ಹಡಗಿನ ಬಾಡಿಗೆ ಹೊರಬಲ್ಲ ಹಗ್ಗ ತರಿಸಿ. ಅತಿ ಬಲದ ಪಾಲಿಎಥಿಲೀನ್ ಹಗ್ಗ, ಡೈನೀಮಾ ಎಂಬ ಹೆಸರಿನಲ್ಲಿ ಪರಿಚಿತವಾದುದು, ಅಂಥದ್ದು. ಅದೇ ದಪ್ಪದ ಉಕ್ಕಿನ ಹಗ್ಗಕ್ಕೆ ಸಮವಾದ ಬಲವಿದ್ದೂ ನೀರಿನಲ್ಲಿ ತೇಲುತ್ತದೆ, ತುಕ್ಕು ಹಿಡಿಯುವುದಿಲ್ಲ. ಕಿಲೋಗೆ ಬೆಲೆ ಹೆಚ್ಚಾದುದರಿಂದ ಸಾಗಣೆಯ ಪಾಲು ಚಿಕ್ಕದು, ಸಣ್ಣ ಪ್ರಮಾಣವನ್ನೂ ತರಿಸಬಹುದು. ಕರಗುವ ಉಷ್ಣತೆ ಸುಮಾರು 150 ಡಿಗ್ರಿಯಷ್ಟೇ ಇರುವುದರಿಂದ ವಿಂಚಿನ ಮೇಲೆ ಉಜ್ಜಿ ಬಿಸಿಯಾಗದಂತೆ ನೋಡಿಕೊಳ್ಳಬೇಕೆಂದು ಕೊಳ್ಳುವವರಿಗೆ ಹೇಳಿಯೇ ಮಾರಬೇಕು. ಇದನ್ನು ಮಾರಲು ಅಂಗಡಿ ಸಾಲದು, ದಕ್ಕೆಯಲ್ಲಿ ನಿಂತು ಕುಣಿಕೆ ಹಾಕುವುದನ್ನು, ಎಳೆ ಹೆಣೆದು ಜೋಡಿಸುವುದನ್ನು ತೋರಿಸಿಕೊಡುವ ಒಬ್ಬ ನುರಿತವನು ಬೇಕು. ನಾನು ಈಗ ಮಾಡುತ್ತಿರುವುದು ಇದನ್ನೇ. ಪಾಲಿಪ್ರೊಪಿಲೀನ್ ಹಗ್ಗವನ್ನು ದೇಶದೊಳಗಿನ ತಯಾರಕರಿಂದಲೇ ಕಿಲೋ ಲೆಕ್ಕದಲ್ಲಿ ಕೊಳ್ಳುತ್ತೇನೆ.

ಮುಂಗಡ ಕಳುಹಿಸುವ ಮುನ್ನ ಆ ಮಾರಾಟಗಾರನಿಂದ ಹತ್ತು ಮೀಟರ್ ಮಾದರಿಯನ್ನು ಕೊರಿಯರಿನಲ್ಲಿ ತರಿಸಿ, ಒಂದು ತುದಿಯನ್ನು ಕಟ್ಟಿ, ಇನ್ನೊಂದು ತುದಿಯನ್ನು ಚೆನ್ನಾಗಿ ಬಿಗಿಯಾಗುವಷ್ಟು ಎಳೆದು, ಒಂದೊಂದು ಮೀಟರಿಗೆ ಗುರುತು ಹಾಕಿ ಕತ್ತರಿಸಿ, ಚಿನ್ನದ ಅಂಗಡಿಯ ತಕ್ಕಡಿಯಲ್ಲಿ ತೂಗಿಸಿ. 12 ಮಿಲಿಮೀಟರಿನ ಹಗ್ಗ ಮೀಟರಿಗೆ 65 ಗ್ರಾಮಿನ ಆಸುಪಾಸಿನಲ್ಲಿ ಬಂದು, ಅದೇ ತೂಕವನ್ನು ಒಪ್ಪಂದದಲ್ಲಿ ಬರೆಯಲು ಅವನು ಒಪ್ಪಿದರೆ ನಿಮ್ಮ ಶೇಕಡಾ 15ರ ಲೆಕ್ಕವನ್ನು ಕಿಲೋಗಳಲ್ಲಿ ಇನ್ನೊಮ್ಮೆ ಹಾಕಿ ನೋಡಿ. ಬರೆದುಕೊಡಲು ಒಪ್ಪದಿದ್ದರೆ ಆ ಮುಂಗಡ ನಿಮ್ಮ ಬ್ಯಾಂಕಿನಲ್ಲಿಯೇ ಇರಲಿ.