ಕಂಡದ್ದು ಯಾವಾಗ, ಹಿಡಿದದ್ದು ಯಾವಾಗ?

ಪ್ರಿಯ ಲೇಖಕರೇ,

‘ಮಂಡ್ಯದ ಮಣ್ಣಿನಲ್ಲಿ ಬಿಳಿ ಬಂಗಾರ’ ಎಂಬ ಶೀರ್ಷಿಕೆಯಲ್ಲಿ ಲಿಥಿಯಂ ಕುರಿತು ನೀವು ಕಳುಹಿಸಿದ ಲೇಖನವನ್ನು ಎರಡು ಸಲ ಓದಿದೆ. ಮರಳಗಾಲದ ಕಡೆಯ ಹೊಲದ ಬದುವಿನಲ್ಲಿ ಬೆಣಚುಕಲ್ಲನ್ನೂ ಕಾಗೆಬಂಗಾರವನ್ನೂ ಆಯುತ್ತಿದ್ದ ಬಾಲ್ಯದಿಂದ ಆರಂಭಿಸಿದ್ದೀರಿ, ಅದು ಚೆನ್ನಾಗಿದೆ. ಕಾಗುಣಿತವೂ ಶುದ್ಧವಾಗಿದೆ. ಆದರೆ ಲೇಖನವನ್ನು ಹೀಗೆಯೇ ಪ್ರಕಟಿಸಲು ಆಗುವುದಿಲ್ಲ. ಕಾರಣ ವಿವರಿಸದೆ ಹಿಂತಿರುಗಿಸುವುದು ನಮ್ಮ ರೂಢಿಯಾದರೂ, ನಿಮ್ಮ ಎರಡನೆಯ ಪುಟದ ಎರಡು ವಾಕ್ಯಗಳು ಮೂರು ದಿನದಿಂದ ತಲೆಯಲ್ಲಿ ಕೊರೆಯುತ್ತಿರುವುದರಿಂದ ಈ ಪತ್ರವನ್ನು ಬರೆಯುತ್ತಿದ್ದೇನೆ.

ಆ ವಾಕ್ಯಗಳು ಇವು: ‘1817ರಲ್ಲಿ ಸ್ವೀಡನ್ನಿನ ವಿಜ್ಞಾನಿ ಆರ್ಫ್‌ವೆಡ್‌ಸನ್ ಲಿಥಿಯಂ ಕಂಡುಹಿಡಿದರು. ಬೆಳ್ಳಿಯಂತೆ ಥಳಥಳಿಸುವ ಆ ಲೋಹವನ್ನು ಕಂಡಾಗ ಅವರ ಕಣ್ಣುಗಳು ಅರಳಿದವು.’

ಮೊದಲು ಎರಡನೆಯ ವಾಕ್ಯವನ್ನು ನೋಡೋಣ. ಆರ್ಫ್‌ವೆಡ್‌ಸನ್ ಆ ವರ್ಷ ಲಿಥಿಯಂ ಲೋಹವನ್ನು ನೋಡಲೇ ಇಲ್ಲ. ಅವರ ಕೈಯಲ್ಲಿದ್ದದ್ದು ಅದರ ಲವಣಗಳು, ಅಂದರೆ ಉಪ್ಪಿನಂತಹ ಬಿಳಿಯ ಪುಡಿ. ಲೋಹವನ್ನು ಬೇರ್ಪಡಿಸಲು ಅವರು ಪ್ರಯತ್ನಿಸಿ ಸೋತರು. 1821ರಲ್ಲಿ ಇಂಗ್ಲೆಂಡಿನ ವಿಲಿಯಂ ಬ್ರಾಂಡ್ ವಿದ್ಯುತ್ತನ್ನು ಹಾಯಿಸಿ ಅದನ್ನು ಪಡೆದರಾದರೂ ಸಿಕ್ಕಿದ್ದು ಅತ್ಯಲ್ಪ. ಕರಗಿಸಿದ ಲಿಥಿಯಂ ಕ್ಲೋರೈಡಿನಿಂದ ಬುನ್ಸೆನ್ ಮತ್ತು ಮ್ಯಾಥಿಸೆನ್ ಪರೀಕ್ಷೆಗೆ ಸಾಲುವಷ್ಟು ಲೋಹವನ್ನು ತೆಗೆಯುವ ಹೊತ್ತಿಗೆ 1855 ಬಂದಿತ್ತು. ಹಾಗಿರುವಾಗ 1817ರಲ್ಲಿ ಅರಳಿದ ಆ ಕಣ್ಣುಗಳು ಯಾರವು? ಓದುಗರಿಗೆ ರುಚಿಸಲೆಂದು ನೀವು ಬೆರೆಸಿದ ಬೆಲ್ಲ ಅದು ಎಂದು ನನಗೆ ಗೊತ್ತು, ಆದರೆ ವಿಜ್ಞಾನದ ಬರಹದಲ್ಲಿ ನಡೆಯದೇ ಇದ್ದದ್ದನ್ನು ನಡೆಯಿತು ಎಂದು ಹೇಳುವ ಸ್ವಾತಂತ್ರ್ಯ ನಿಮಗೂ ಇಲ್ಲ, ನನಗೂ ಇಲ್ಲ.

ಇನ್ನು ಮೊದಲನೆಯ ವಾಕ್ಯ. ಇಸವಿ ಸರಿ, ದೇಶ ಸರಿ, ಹೆಸರೂ ಸರಿ. ಆದರೂ ನನ್ನನ್ನು ಹೆಚ್ಚು ಕೆರಳಿಸಿದ್ದು ಇದೇ. ‘ಕಂಡುಹಿಡಿದರು’ ಎಂಬ ಒಂದು ಕ್ರಿಯಾಪದವನ್ನು ಮುಚ್ಚಳದಂತೆ ಹಾಕಿ, ಒಳಗೆ ಬೇಯುತ್ತಿದ್ದುದನ್ನೆಲ್ಲ ಮುಚ್ಚಿಬಿಟ್ಟಿದ್ದೀರಿ. ಸ್ಟಾಕ್‌ಹೋಮಿನಲ್ಲಿ ಹೆಸರಾಂತ ರಸಾಯನಶಾಸ್ತ್ರಜ್ಞ ಬೆರ್ಸೀಲಿಯಸ್ ಅವರ ಪ್ರಯೋಗಾಲಯದಲ್ಲಿ ಇಪ್ಪತ್ತೈದು ವರ್ಷದ ಈ ಯುವಕ ಉಟೊ ದ್ವೀಪದಿಂದ ಬಂದ ಪೆಟಲೈಟ್ ಎಂಬ ಕಲ್ಲನ್ನು ಒಡೆದು, ಅದರಲ್ಲಿ ಏನೇನು ಎಷ್ಟೆಷ್ಟಿದೆ ಎಂದು ತೂಗುತ್ತಿದ್ದರು. ಸಿಲಿಕಾ ಸಿಕ್ಕಿತು, ಅಲ್ಯೂಮಿನಾ ಸಿಕ್ಕಿತು, ಕೊನೆಗೆ ಒಂದು ಕ್ಷಾರದ ಸಲ್ಫೇಟ್ ಉಳಿಯಿತು. ಅದು ಪೊಟ್ಯಾಸಿಯಂ ಇರಬಹುದೇ ಎಂದು ಟಾರ್ಟಾರಿಕ್ ಆಮ್ಲವನ್ನು, ಅಂದರೆ ನಮ್ಮ ಹುಣಸೆಹಣ್ಣಿನಲ್ಲಿರುವ ಹುಳಿಯನ್ನೇ, ಸುರಿದು ನೋಡಿದರು. ಪೊಟ್ಯಾಸಿಯಂ ಆಗಿದ್ದರೆ ಕೆಳಗೆ ಗಷ್ಟು ಕೂರಬೇಕಿತ್ತು, ಕೂರಲಿಲ್ಲ. ಮೆಗ್ನೀಸಿಯಂ ಕೂಡ ಅಲ್ಲವೆಂದಾಯಿತು. ಹಾಗಾದರೆ ಸೋಡಿಯಂ ಇರಲೇಬೇಕೆಂದು ಆ ಲೆಕ್ಕದಲ್ಲಿ ಕೂಡಿದಾಗ, ನೂರು ಭಾಗ ಕಲ್ಲಿನಿಂದ ಸುಮಾರು ನೂರೈದು ಭಾಗ ಪದಾರ್ಥ ಹೊರಬಂದಂತಾಯಿತು.

ನೂರು ಸೇರು ಭತ್ತ ಕುಟ್ಟಿ ನೂರೈದು ಸೇರು ಅಕ್ಕಿ ಬಂತೆಂದು ಯಾರಾದರೂ ಹೇಳಿದರೆ ನೀವು ನಂಬುತ್ತೀರಾ? ತಕ್ಕಡಿ ಕೆಟ್ಟಿದೆ ಎನ್ನುತ್ತೀರಿ. ಆರ್ಫ್‌ವೆಡ್‌ಸನ್ ತಕ್ಕಡಿಯನ್ನು ನಂಬಿದರು, ತಮ್ಮ ಊಹೆಯನ್ನು ಬಿಟ್ಟರು. ಅಲ್ಲಿದ್ದದ್ದು ಸೋಡಿಯಂಗಿಂತ ಬಹಳ ಹಗುರವಾದ, ಅದಕ್ಕಿಂತ ಹೆಚ್ಚು ಆಮ್ಲವನ್ನು ತಣಿಸಬಲ್ಲ ಒಂದು ಹೊಸ ಕ್ಷಾರ. ಅದರ ಕಾರ್ಬೊನೇಟ್ ನೀರಿನಲ್ಲಿ ಸೋಡಾದಂತೆ ಸಲೀಸಾಗಿ ಕರಗುವುದೂ ಇಲ್ಲ. ಸೋಡಿಯಂ ಪರಮಾಣುವಿನ ತೂಕ ಸುಮಾರು 23, ಲಿಥಿಯಂನದು ಸುಮಾರು 7. ಹಗುರವಾದುದಕ್ಕೆ ಭಾರವಾದುದರ ಲೆಕ್ಕ ಹಾಕಿದ್ದರಿಂದಲೇ ಐದು ಭಾಗ ಹೆಚ್ಚಿಗೆ ಬಂದದ್ದು. ನಿಮ್ಮ ಲೇಖನದ ಜೀವ ಆ ಐದು ಭಾಗದಲ್ಲಿತ್ತು, ನೀವು ಅದನ್ನು ಮುಟ್ಟದೆ ಮುಂದೆ ಹೋದಿರಿ.

ಈ ತಪ್ಪಿನ ಮೇಲೆ ನನಗೆ ಇಷ್ಟು ಸಿಟ್ಟು ಬರಲು ಕಾರಣವಿದೆ. ಇದನ್ನೇ ನಾನೂ ಮಾಡಿದ್ದೆ. ಮೈಸೂರಿನ ಅಗ್ರಹಾರದ ಒಂದು ಮುದ್ರಣಾಲಯದಲ್ಲಿ ಕರಡು ತಿದ್ದುತ್ತಿದ್ದ ದಿನಗಳಲ್ಲಿ, ಅಲ್ಲಿ ಅಚ್ಚಾಗುತ್ತಿದ್ದ ಸಣ್ಣ ಮಾಸಪತ್ರಿಕೆಗೆ ಹೀಲಿಯಂ ಬಗ್ಗೆ ಬರೆದುಕೊಟ್ಟೆ. ‘1868ರ ಆಗಸ್ಟ್ 18ರ ಸೂರ್ಯಗ್ರಹಣದಂದು ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸೆನ್ ಹೀಲಿಯಂ ಕಂಡುಹಿಡಿದರು’ ಎಂಬುದು ನನ್ನ ಹೆಮ್ಮೆಯ ಮೊದಲ ವಾಕ್ಯವಾಗಿತ್ತು. ನಿವೃತ್ತ ರಸಾಯನಶಾಸ್ತ್ರದ ಮೇಷ್ಟರಾಗಿದ್ದ ಆ ಪತ್ರಿಕೆಯ ಸಂಪಾದಕರು, ಮೊಳೆ ಜೋಡಿಸಿ ಮುಗಿದಿದ್ದ ಪುಟದ ಕರಡಿನಲ್ಲಿ ‘ಕಂಡು’ ಮತ್ತು ‘ಹಿಡಿದರು’ ನಡುವೆ ಕೆಂಪು ಶಾಯಿಯಲ್ಲಿ ಒಂದು ಗೀಟೆಳೆದು, ಅಂಚಿನಲ್ಲಿ ‘ಕಂಡದ್ದು ಯಾವಾಗ, ಹಿಡಿದದ್ದು ಯಾವಾಗ?’ ಎಂದು ಬರೆದು ಕೊಟ್ಟರು. ಇಡೀ ಪುಟವನ್ನು ಬಿಚ್ಚಬೇಕಾಗಿ ಬಂದ ಮೊಳೆ ಜೋಡಿಸುವವರು ಒಂದು ವಾರ ನನ್ನೊಡನೆ ಮಾತಾಡಲಿಲ್ಲ.

ಹುಡುಕಿ ಓದಿದ ಮೇಲೆ ತಿಳಿಯಿತು. ಗುಂಟೂರಿನಲ್ಲಿ ಜಾನ್ಸೆನ್ ಕಂಡದ್ದು ಸೂರ್ಯನ ಅಂಚಿನ ಜ್ವಾಲೆಗಳ ರೋಹಿತದಲ್ಲಿದ್ದ, ಅಂದರೆ ಬಣ್ಣಬಣ್ಣವಾಗಿ ಬಿಡಿಸಿದ ಬೆಳಕಿನಲ್ಲಿದ್ದ, ಉಜ್ವಲ ಗೆರೆಗಳನ್ನು. ಅವುಗಳಲ್ಲಿ ಹಳದಿ ಗೆರೆಯು ಸೋಡಿಯಂನ ಗೆರೆಗೆ ಹೊಂದುವುದಿಲ್ಲವೆಂದು ಅದೇ ಅಕ್ಟೋಬರಿನಲ್ಲಿ ಇಂಗ್ಲೆಂಡಿನ ಲಾಕಿಯರ್ ಅಳೆದು ನೋಡಿದರು. ಆ ಗೆರೆಗೆ ಕಾರಣವಾದ ಹೀಲಿಯಂ ಅನಿಲವನ್ನು ಯುರೇನಿಯಂ ಅದಿರೊಂದರಿಂದ ಹೊರಡಿಸಿ, ಭೂಮಿಯ ಮೇಲೆ ಹಿಡಿದು ತೋರಿಸಿದವರು ಬ್ರಿಟನ್ನಿನ ರಸಾಯನಶಾಸ್ತ್ರಜ್ಞ ರಾಮ್ಸೆ, 1895ರಲ್ಲಿ. ಕಂಡದ್ದಕ್ಕೂ ಹಿಡಿದದ್ದಕ್ಕೂ ನಡುವೆ ಇಪ್ಪತ್ತೇಳು ವರ್ಷ. ನಿಮ್ಮ ಲಿಥಿಯಂ ವಿಷಯದಲ್ಲಿ ಆ ಅಂತರ ಮೂವತ್ತೆಂಟು ವರ್ಷ ಎನ್ನಬಹುದು. ಅದೂ ಮೊದಲಿಗೆ ಕಂಡದ್ದು ಕಣ್ಣಿಗಲ್ಲ, ತಕ್ಕಡಿಗೆ.

ಇನ್ನೊಂದು ತಪ್ಪು ಮೂರನೆಯ ಪುಟದಲ್ಲಿದೆ. ‘ಲಿಥಿಯಂ ಸಾಂದ್ರತೆ ಘನ ಸೆಂಟಿಮೀಟರಿಗೆ 0.53 ಗ್ರಾಂ, ಲೋಹಗಳಲ್ಲೆಲ್ಲ ಇದೇ ಹಗುರ’ ಎಂದು ಸರಿಯಾಗಿ ಬರೆದು, ಎರಡೇ ಸಾಲಿನ ಕೆಳಗೆ ‘ಗಾಳಿ ತಾಗದಂತೆ ಇದನ್ನು ಸೀಮೆಎಣ್ಣೆಯಲ್ಲಿ ಮುಳುಗಿಸಿಡುತ್ತಾರೆ’ ಎಂದಿದ್ದೀರಿ. ಸೀಮೆಎಣ್ಣೆಯ ಸಾಂದ್ರತೆ ಸುಮಾರು 0.8. ಹಾಗಾದರೆ ನಿಮ್ಮ ಲಿಥಿಯಂ ಮುಳುಗುವುದು ಹೇಗೆ? ಅದು ಬೆಂಡಿನಂತೆ ತೇಲುತ್ತದೆ, ತೇಲಿದ ಭಾಗಕ್ಕೆ ಗಾಳಿ ತಾಗುತ್ತದೆ. ಶಾಲೆಯ ಪ್ರಯೋಗಾಲಯದಲ್ಲಿ ಸೋಡಿಯಂ ತುಂಡನ್ನು ಸೀಮೆಎಣ್ಣೆಯಲ್ಲಿ ಇಟ್ಟದ್ದನ್ನು ನೀವು ನೋಡಿರಬೇಕು. ಸೋಡಿಯಂ ಸಾಂದ್ರತೆ 0.97, ಆದ್ದರಿಂದ ಅದು ತಳ ಸೇರುತ್ತದೆ. ಅಣ್ಣನ ಅಂಗಿಯನ್ನು ತಮ್ಮನಿಗೆ ತೊಡಿಸಿದ್ದೀರಿ. ಲಿಥಿಯಂಗೆ ವ್ಯಾಸಲೀನಿನಂತಹ ಜಿಡ್ಡನ್ನು ಮೆತ್ತುತ್ತಾರೆ, ಇಲ್ಲವೇ ಬೇರೆ ಪದಾರ್ಥಗಳೊಡನೆ ಸುಲಭವಾಗಿ ಕೂಡದ ಆರ್ಗಾನ್ ಅನಿಲ ತುಂಬಿದ ಪಾತ್ರೆಯಲ್ಲಿ ಇಡುತ್ತಾರೆ. ಸಾರಜನಕ ಸಾಲದೇ ಎಂದು ಕೇಳಬಹುದು. ಸಾಲದು, ಬೇರೆ ಕ್ಷಾರಲೋಹಗಳಂತಲ್ಲದೆ ಲಿಥಿಯಂ ಸಾಮಾನ್ಯ ಉಷ್ಣತೆಯಲ್ಲಿಯೇ ಸಾರಜನಕದೊಡನೆ ಕೂಡಿಕೊಳ್ಳುತ್ತದೆ.

ಈ ಎರಡು ಸಾಲುಗಳು ಅಕ್ಕಪಕ್ಕದಲ್ಲಿದ್ದೂ ಒಂದನ್ನೊಂದು ಮಾತಾಡಿಸಿಲ್ಲ. ಒಂದು ಅಂಕಿಯನ್ನು ಬರೆದ ಮೇಲೆ ಅದು ಮುಂದಿನ ಸಾಲಿನಲ್ಲಿ ಏನು ಕೆಲಸ ಮಾಡುತ್ತದೆಂದು ನೋಡದಿದ್ದರೆ, ಆ ಅಂಕಿ ಬರೀ ಅಲಂಕಾರವಾಗುತ್ತದೆ.

ಉಳಿದದ್ದರ ಬಗ್ಗೆ, ಅಂದರೆ ಬ್ಯಾಟರಿ, ಮನೋರೋಗಕ್ಕೆ ಕೊಡುವ ಮಾತ್ರೆ, 2019ರ ನೊಬೆಲ್ ಇತ್ಯಾದಿಗಳ ಬಗ್ಗೆ, ನಾನು ಏನೂ ಹೇಳುವುದಿಲ್ಲ. ಮರಳಗಾಲ–ಅಲ್ಲಾಪಟ್ಟಣದ ನಿಕ್ಷೇಪವನ್ನು ಮಾತ್ರ 14,100 ಟನ್ ಎಂದು ಉಳಿಸಬೇಡಿ. ಅದು ಮೊದಲು ಹಬ್ಬಿದ ಸುದ್ದಿಯ ಅಂಕಿ, ಆಮೇಲೆ ಪರಮಾಣು ಖನಿಜ ನಿರ್ದೇಶನಾಲಯದ ಅಂದಾಜೆಂದು ಸರ್ಕಾರ ತಿಳಿಸಿದ್ದು 1,600 ಟನ್. ‘ಬಿಳಿ ಬಂಗಾರ’ ಎಂಬ ಶೀರ್ಷಿಕೆಯನ್ನೂ ತೆಗೆಯಿರಿ.

ಎರಡನೆಯ ಮತ್ತು ಮೂರನೆಯ ಪುಟಗಳನ್ನು ಹೊಸದಾಗಿ ಬರೆದು ದಸರೆ ಕಳೆದ ಮೇಲೆ ಕಳುಹಿಸಿದರೆ ಖಂಡಿತ ಓದುತ್ತೇನೆ. ನಿಮ್ಮ ಅಂಗೈಯ ಮೇಲಿನ ಕಲ್ಲಿನ ಚಿತ್ರವನ್ನು ಇಟ್ಟುಕೊಂಡಿದ್ದೇನೆ, ಅದು ಲೇಖನಕ್ಕೆ ಒಪ್ಪುತ್ತದೆ. ಆದರೆ ಅದರ ಕೆಳಗೆ ‘ಲಿಥಿಯಂ ಅದಿರು’ ಎಂದು ಬರೆದಿದ್ದೀರಿ. ಅದನ್ನು ಯಾರು ಪರೀಕ್ಷಿಸಿ ಹೇಳಿದರು ಎಂಬುದನ್ನು ತಿಳಿಸಿ. ಯಾರೂ ಪರೀಕ್ಷಿಸಿಲ್ಲವಾದರೆ ‘ನಮ್ಮ ಹೊಲದ ಕಲ್ಲು’ ಎಂದು ಹಾಕುತ್ತೇನೆ.

ಇತಿ,
ಸಂಪಾದಕ, ಮೈಸೂರು