ಹಳೆಯ ಲ್ಯಾಪ್‌ಟಾಪ್‌ಗೆ ಉಬುಂಟು ಹಾಕಿದ ಮೇಲೆ ವೈಫೈ ಬರುತ್ತಿಲ್ಲ. ನನ್ನ ಮಾಡೆಲ್‌ನ ಡ್ರೈವರ್ ಎಲ್ಲಿ ಸಿಗುತ್ತದೆ?

ನನ್ನ ಲ್ಯಾಪ್‌ಟಾಪ್‌ನದೂ ಇದೇ ಕಥೆ. ವಿಂಡೋಸ್ 10ರ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿಯಿತು, ವಿಂಡೋಸ್ 11 ಅದಕ್ಕೆ ಹಿಡಿಸುವಂತಿರಲಿಲ್ಲ, ಉಬುಂಟು ಹಾಕಿದೆ. ಉಳಿದದ್ದೆಲ್ಲ ನಡೆಯಿತು, ವೈಫೈ ಮಾತ್ರ ಇಲ್ಲ.

ಅದೇ ಮಾಡೆಲ್ ಇರುವ ಗೆಳೆಯನೊಬ್ಬನಿಗೆ ಏನೂ ಮಾಡದೆಯೇ ವೈಫೈ ಬಂದಿತ್ತು. ಹಾಗಾಗಿ ನನ್ನ ಕಾರ್ಡೇ ಕೆಟ್ಟಿದೆಯೆಂದು ತೀರ್ಮಾನಿಸಿಬಿಟ್ಟೆ. ದುಡ್ಡು ಹೋದದ್ದು ಇಲ್ಲಿಯೇ ಆದ್ದರಿಂದ ಸ್ವಲ್ಪ ಬಿಡಿಸಿ ಹೇಳುತ್ತೇನೆ. ಒಂದೇ ಮಾಡೆಲ್ ಹೆಸರಿನ ಲ್ಯಾಪ್‌ಟಾಪ್‌ಗಳಲ್ಲಿ ಬೇರೆ ಬೇರೆ ವೈಫೈ ಕಾರ್ಡುಗಳಿರುವುದುಂಟು. ಅವನದರಲ್ಲಿ ಇದ್ದದ್ದು ಅಥೆರೋಸ್ ಎಆರ್9285. ಅದರ ಡ್ರೈವರ್ ಉಬುಂಟುವಿನ ತಿರುಳಾದ ಲಿನಕ್ಸ್ ಕರ್ನಲ್‌ನಲ್ಲೇ ಇದೆ, ಬೇರೆ ಫರ್ಮ್‌ವೇರ್ (ಕಾರ್ಡಿನೊಳಗೆ ಓಡುವ ಪುಟ್ಟ ತಂತ್ರಾಂಶ) ಬೇಕಿಲ್ಲ. ನನ್ನದರಲ್ಲಿ ಬ್ರಾಡ್‌ಕಾಮ್ ಬಿಸಿಎಂ4312. ಇದಕ್ಕೂ ಬಿ43 ಎಂಬ ಡ್ರೈವರ್ ಕರ್ನಲ್‌ನಲ್ಲಿದೆ, ಆದರೆ ಫರ್ಮ್‌ವೇರನ್ನು ಜೊತೆಗೆ ಹಂಚಲು ಪರವಾನಗಿ ಇಲ್ಲದ ಕಾರಣ ಅದನ್ನು ನಾವೇ ತರಿಸಿಕೊಳ್ಳಬೇಕು. ಇದಾವುದನ್ನೂ ನೋಡದೆ ಹಾಸನದ ಬಿ.ಎಂ. ರಸ್ತೆಯ ಅಂಗಡಿಯೊಂದರಿಂದ ಬೇರೆ ಕಾರ್ಡ್ ತಂದು, ತಳದ ಮುಚ್ಚಳ ಬಿಚ್ಚಿ, ಎರಡು ತೆಳ್ಳನೆಯ ಆಂಟೆನಾ ತಂತಿಗಳ ತುದಿಯನ್ನು ಉಗುರಿನಿಂದ ಒತ್ತಿ ಕೂರಿಸಿ ಆನ್ ಮಾಡಿದರೆ, ಈ ವೈರ್‌ಲೆಸ್ ಸಾಧನಕ್ಕೆ ಬೆಂಬಲವಿಲ್ಲವೆಂಬ ಒಂದು ಸಾಲು ಕಪ್ಪು ಪರದೆಯ ಮೇಲೆ ಮೂಡಿ ಯಂತ್ರ ಅಲ್ಲಿಗೇ ನಿಂತಿತು. ಆ ಕಾಲದ ಕೆಲವು ಲ್ಯಾಪ್‌ಟಾಪ್‌ಗಳ ಬಯೋಸ್‌ನಲ್ಲಿ (ಆನ್ ಮಾಡಿದೊಡನೆ ಮೊದಲು ಓಡುವ ತಂತ್ರಾಂಶದಲ್ಲಿ) ಒಪ್ಪಿಗೆಯ ಕಾರ್ಡುಗಳ ಪಟ್ಟಿಯೇ ಇರುತ್ತದೆ. ಅದರಲ್ಲಿಲ್ಲದ ಕಾರ್ಡ್ ಎಷ್ಟೇ ಒಳ್ಳೆಯದಾದರೂ ನಡೆಯದು. ಪೊಟ್ಟಣ ಒಡೆದ ಕಾರ್ಡನ್ನು ಅಂಗಡಿಯವರೂ ವಾಪಸು ತೆಗೆದುಕೊಳ್ಳಲಿಲ್ಲ.

ಆದ್ದರಿಂದ ಮಾಡೆಲ್ ಹಿಡಿದು ಡ್ರೈವರ್ ಹುಡುಕುವುದನ್ನೇ ಬಿಡಿ. ಡ್ರೈವರ್ ಇರುವುದು ವೈಫೈ ಕಾರ್ಡಿನ ಚಿಪ್‌ಗೆ, ಲ್ಯಾಪ್‌ಟಾಪ್‌ನ ಹೆಸರಿಗಲ್ಲ. ಟರ್ಮಿನಲ್‌ನಲ್ಲಿ ಎಲ್‌ಎಸ್‌ಪಿಸಿಐ ಆದೇಶವನ್ನು ಎನ್‌ಎನ್ ಆಯ್ಕೆಯೊಡನೆ (lspci -nn) ಕೊಟ್ಟರೆ, ನೆಟ್‌ವರ್ಕ್ ಕಂಟ್ರೋಲರ್ ಎಂಬ ಸಾಲಿನಲ್ಲಿ ಚಿಪ್‌ನ ಗುರುತು ಸಂಖ್ಯೆ ಕಾಣುತ್ತದೆ. ನನ್ನದು 14ಇ4:4315 ಎಂದಿತ್ತು. ಮೊದಲ ಭಾಗ 14ಇ4 ಆಗಿದ್ದರೆ ಬ್ರಾಡ್‌ಕಾಮ್, 168ಸಿ ಆಗಿದ್ದರೆ ಅಥೆರೋಸ್, 8086 ಆಗಿದ್ದರೆ ಇಂಟೆಲ್.

ವೈಫೈ ಇಲ್ಲದೆ ಫರ್ಮ್‌ವೇರ್ ತರುವುದು ಹೇಗೆಂದು ಚಿಂತೆ ಬೇಡ. ಆಂಡ್ರಾಯ್ಡ್ ಫೋನನ್ನು ಕೇಬಲ್‌ನಿಂದ ಜೋಡಿಸಿ, ಫೋನಿನ ಇಂಟರ್ನೆಟ್ಟನ್ನು ಹಂಚುವ ಯುಎಸ್‌ಬಿ ಟೆದರಿಂಗ್ ಆನ್ ಮಾಡಿದರೆ ಉಬುಂಟು ಅದನ್ನು ತಂತಿಯ ಸಂಪರ್ಕವೆಂದೇ ತಿಳಿಯುತ್ತದೆ. ಆಲೂರು ಕಡೆಯ ನಮ್ಮ ಮನೆಯಲ್ಲಿ ಸಿಗ್ನಲ್ ಸಿಗುವುದು ಜಗಲಿಯಲ್ಲಿ ಮಾತ್ರ. ಹಳೆಯ ಕಾರ್ಡನ್ನೇ ಮತ್ತೆ ಕೂರಿಸಿ, ಅಲ್ಲಿ ಕುಳಿತು ಫರ್ಮ್‌ವೇರ್-ಬಿ43-ಇನ್‌ಸ್ಟಾಲರ್ (firmware-b43-installer) ಎಂಬ ಪ್ಯಾಕೇಜ್ ಹಾಕಿ ರೀಸ್ಟಾರ್ಟ್ ಮಾಡಿದೆ, ವೈಫೈ ಬಂತು.

ನಿಮ್ಮದೂ ಇದೇ ಚಿಪ್ ಆಗಿದ್ದರೆ ರೂಟರ್‌ನಲ್ಲಿ 2.4 ಗಿಗಾಹರ್ಟ್ಸ್ ಆನ್ ಇದೆಯೇ ನೋಡಿಕೊಳ್ಳಿ. 5 ಗಿಗಾಹರ್ಟ್ಸ್ ಇದಕ್ಕೆ ಕಾಣಿಸುವುದೇ ಇಲ್ಲ, ವೇಗವೂ 54 ಎಂಬಿಪಿಎಸ್ ದಾಟುವುದಿಲ್ಲ.