ಓದುಗರ ಪ್ರಶ್ನೆ: ನಟನೆಯಿಂದ ನಿರ್ದೇಶನಕ್ಕೆ

ಪ್ರಶ್ನೆ: ರಂಗಭೂಮಿಯಲ್ಲಿ ನಟಿಸುತ್ತಿರುವ ನನ್ನ ಮಗಳು, ದೊಡ್ಡ ಸಂಸ್ಥೆಗಳನ್ನು ನೆಚ್ಚಿಕೊಳ್ಳದೆ ತಾನೇ ಬರೆದು, ನಿರ್ಮಿಸಿ, ನಿರ್ದೇಶಿಸಬೇಕೆಂದು ಹಂಬಲಿಸುತ್ತಿದ್ದಾಳೆ. ಈ ದಾರಿಯಲ್ಲಿ ನಡೆದವರಿದ್ದಾರೆಯೇ?
– ಓದುಗರೊಬ್ಬರು, ವಿರಾಜಪೇಟೆ

ಉತ್ತರ: ಖಂಡಿತ ಇದ್ದಾರೆ. ನಟಿ ಎಂ.ವಿ. ರಾಜಮ್ಮನವರು 1943ರಲ್ಲೇ ‘ರಾಧಾರಮಣ’ ಚಿತ್ರವನ್ನು ನಿರ್ಮಿಸಿದ್ದರು. ಆದರೆ ನಿಮ್ಮ ಮಗಳು ಗಮನವಿಟ್ಟು ನೋಡಬೇಕಾದದ್ದು ನಂದಿತಾ ದಾಸ್ ಅವರ ವೃತ್ತಿಜೀವನವನ್ನು. ಕನ್ನಡದ ‘ದೇವೀರಿ’ಯೂ ಸೇರಿದಂತೆ ಹಲವು ಭಾಷೆಗಳ ಚಿತ್ರಗಳಲ್ಲಿ ನಟಿಸಿದ ಅವರು, ಸಹಲೇಖಕಿಯೊಬ್ಬರೊಡನೆ ತಾವೇ ಬರೆದ ‘ಫಿರಾಕ್’ ಮೂಲಕ 2008ರಲ್ಲಿ ನಿರ್ದೇಶಕಿಯಾದರು. ಎರಡನೆಯ ಚಿತ್ರ ‘ಮಂಟೋ’ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡದ್ದು 2018ರಲ್ಲಿ. ಆಮೇಲೆ ಅವರು ನಿರ್ದೇಶಿಸಿದ ‘ಜ್ವಿಗಾಟೊ’ ಚಿತ್ರದ ನಿರ್ಮಾಣದಲ್ಲೂ ಅವರ ಸಂಸ್ಥೆಯ ಪಾಲಿದೆ. ‘ಫಿರಾಕ್’ ಮತ್ತು ‘ಮಂಟೋ’ ನಡುವಿನ ಆ ಹತ್ತು ವರ್ಷಗಳು ನನಗೆ ಬಹಳ ಮುಖ್ಯವೆನಿಸುತ್ತವೆ, ಏಕೆಂದರೆ ಸ್ವತಂತ್ರ ಚಿತ್ರವೊಂದಕ್ಕೆ ಅಧ್ಯಯನ, ಬರವಣಿಗೆ, ಬಂಡವಾಳ ಎಲ್ಲವೂ ಕೂಡಿಬರಲು ಅಷ್ಟು ಕಾಲ ಹಿಡಿಯಬಹುದು.

ಕೊಡಗಿನ ಮಳೆಗಾಲದಲ್ಲಿ ಹೊರಾಂಗಣ ಚಿತ್ರೀಕರಣ ಕಷ್ಟ. ಆ ತಿಂಗಳುಗಳಲ್ಲಿ ಚಿತ್ರಕಥೆ ಬರೆದು, ಕಾಫಿ ಕೊಯ್ಲಿನ ಬಿಸಿಲಿನಲ್ಲಿ, ಪರಿಚಿತರ ತೋಟದಲ್ಲಿ ಅನುಮತಿ ಪಡೆದು, ಹತ್ತು ನಿಮಿಷದ ಕಿರುಚಿತ್ರವೊಂದನ್ನು ಮಾಡಲಿ. ಖರ್ಚಿನ ಲೆಕ್ಕವನ್ನೂ ಅವಳೇ ಬರೆದಿಡಲಿ. ನಿರ್ಮಾಪಕಿಯ ಕೆಲಸ ಅಲ್ಲಿಂದಲೇ ಶುರುವಾಗುತ್ತದೆ.